ತೆಪ್ಪದ ಮೇಲೆ ಬಂದ ನಿದ್ದೆ

ಕಳೆದ ವಾರ ಅಂಕೋಲೆ ಬಾಳೆಗುಳಿಯ ನಮ್ಮ ಮನೆಯ ಗೇಟಿಗೆ ರೆಡ್ ಆಕ್ಸೈಡ್ ಬಳಿಸುತ್ತಿದ್ದೆ. ಪೇಂಟರ್ ಡಬ್ಬಿಯ ಮುಚ್ಚಳ ತೆಗೆದದ್ದೇ ತಡ, ಆ ವಾಸನೆಗೆ ನನಗೆ ಕೂತಲ್ಲಿ ಕೂರಲಾಗಲಿಲ್ಲ. ಕೋಡಿಬಾಗದ ನೆರೆಮನೆಯ ಹಡಗಿನವರು ನೆನಪಾದರು...

ಆಗ ನಾನು ಕಾರವಾರದ ಶಾಲೆಯೊಂದಕ್ಕೆ ಶಿಕ್ಷಕಿಯಾಗಿ ಹೊಸದಾಗಿ ಸೇರಿ ಕೋಡಿಬಾಗದಲ್ಲಿ ಬಾಡಿಗೆಗಿದ್ದೆ. ಅವರು ಸರಕಿನ ಹಡಗಿನ ಎಂಜಿನ್ ಕೋಣೆಯಲ್ಲಿ ದುಡಿದವರು. ಕೊಲ್ಲಿಯಲ್ಲಿ ಎರಡು ದೇಶಗಳ ಯುದ್ಧ ನಡೆದಿದ್ದಾಗ, ಯಾರ ಕಡೆಗೂ ಸೇರದ ಅವರ ಹಡಗಿಗೆ ಕ್ಷಿಪಣಿ ಬಡಿದು, ತುಂಬಿದ್ದ ಅಕ್ಕಿ, ಸಿಮೆಂಟಿನ ಸಮೇತ ಅದು ಮುಳುಗಿತ್ತು. ಅವರು ಊರಿಗೆ ಮರಳಿದರು. ಜೊತೆಗೆ ಹೋಗಿದ್ದ ಮಾಜಾಳಿಯ ಗೆಳೆಯ ಮರಳಲಿಲ್ಲ.

ಬಂದ ಮೇಲೆ ಅವರ ಕೈ ಸುಮ್ಮನಿರುತ್ತಿರಲಿಲ್ಲ. ಕಿಟಕಿಯ ಸರಳು, ಗೇಟು, ಬಾವಿಯ ರಾಟೆ... ಬಳಿದದ್ದಕ್ಕೇ ಮತ್ತೆ ರೆಡ್ ಆಕ್ಸೈಡ್ ಬಳಿಯುವರು. ಊಟಕ್ಕೆ ಕೂತರೆ ಅರ್ಧಕ್ಕೇ ಎದ್ದು ಕಾಳಿ ನದಿಯ ದಂಡೆಗೆ ಹೋಗಿ ಬರುವರು. ಹೆಂಡತಿ ಕೇಳಿದರೆ ಏನಿಲ್ಲ ಎನ್ನುವರು.

ಪ್ರತಿ ಸೋಮವಾರ ಆ ಗೆಳೆಯನ ತಾಯಿ ಮಾಜಾಳಿಯಿಂದ ಬಸ್ಸಿನಲ್ಲಿ ಬರುತ್ತಿದ್ದಳು. ಮೀನಿನ ಬುಟ್ಟಿಯನ್ನು ಅಂಗಳದಲ್ಲಿಟ್ಟು, ಇವರ ಜಗಲಿಯ ತುದಿಗೆ ಕೂತು, ಮಗನ ಸುದ್ದಿ ಬಂತೋ ಎಂದು ಕೇಳುವಳು. ಕಂಪನಿಯ ಇಂಗ್ಲಿಷ್ ಪತ್ರವನ್ನು ಆಕೆಗೆ ಓದಿ ಹೇಳಿದವಳು ನಾನೇ. ಪತ್ತೆಯಾಗಿಲ್ಲ ಎಂದಷ್ಟೇ ಇತ್ತು.

"ಪತ್ತೆಯಾಗ್ಲಿಲ್ಲ ಅಂದ್ರೆ ಸತ್ತ ಅಂತಲ್ಲ, ಅಲ್ದಾ ಅಕ್ಕೋರೆ?"

"ಅಲ್ಲ" ಎಂದಿದ್ದೆ. ಹಡಗಿನವರು ತಲೆ ಎತ್ತಿರಲಿಲ್ಲ.

ವರ್ಷ ಕಳೆಯಿತು. ಒಂದು ಭಾನುವಾರ ಬೆಳಿಗ್ಗೆ ಅವರು ನಮ್ಮ ಬೇಲಿಯ ಹತ್ತಿರ ಬಂದು ನಿಂತರು.

"ಅಕ್ಕೋರೆ, ಮಾಜಾಳಿಗೆ ಹೋಗೂದದೆ. ನೀವು ನನ್ನ ಸಂಗ್ತಿ ಬರ್ತ್ರಾ? ಒಬ್ನೇ ಹೊರಟು ಎರಡು ಸಲ ಅರ್ಧ ದಾರಿಯಿಂದ ತಿರುಗಿ ಬಂದಾಯ್ತು."

ಹೋದೆ. ಆ ತಾಯಿ ಅಂಗಳದಲ್ಲಿ ಒಣಮೀನು ಮಗುಚುತ್ತಿದ್ದಳು. ಇವರು ಚಪ್ಪಲಿ ಬಿಟ್ಟು, ನಿಂತೇ ಹೇಳಿದರು.

"ಆಯಿ, ಅವ್ನು ನನ್ನ ಸಂಗ್ತಿ ತೆಪ್ಪದ ಮೇಲಿದ್ದ. ಮೈ ಸುಟ್ಟಿತ್ತು. ಎರಡು ದಿನ ಕೈ ಹಿಡ್ಕಂಡೇ ಕೂತಿದ್ದೆ. ಮೂರನೇ ದಿನ ಬೆಳಗಾಗೂಕೆ ನಂಗೆ ನಿದ್ದೆ ಬಂತು. ಕಣ್ಣು ಬಿಟ್ಟಾಗ ಅವ್ನಿರ್ಲಿಲ್ಲ."

ಆಕೆ ಕೈಯಲ್ಲಿದ್ದ ಮೀನನ್ನು ಕೆಳಗಿಡಲೂ ಇಲ್ಲ. "ನೀರು ಕುಡ್ದಿದ್ನಾ?" ಎಂದಳು.

"ಇದ್ದದ್ದೆಲ್ಲ ಅವ್ನಿಗೇ ಕೊಟ್ಟೆ."

"ನಿದ್ದೆ ಬಂದದ್ದಕ್ಕೆ ನಾ ಏನೂ ಹೇಳೂದಿಲ್ಲ, ತಮಾ. ಯಾರಿಗಾದ್ರೂ ಬರ್ತದೆ. ಆದ್ರೆ ಒಂದು ವರ್ಷ ನನ್ನ ಬಸ್ಸು ಹತ್ತಿಸ್ದೆ ಅಲಾ, ಅದ್ನ ಹ್ಯಾಂಗೆ ಮರೀಲಿ?"

ಆಮೇಲೆ ನನ್ನ ಕಡೆ ನೋಡಿದಳು. ಮತ್ತೆ ಮೀನು ಮಗುಚಲು ಬಗ್ಗಿದಳು.

ಮರಳುವ ಬಸ್ಸು ಕಾಳಿ ಸೇತುವೆ ಹತ್ತಿದಾಗ ಅವರು ಕೇಳಿದರು: "ಹೇಳ್ದೇ ಇದ್ರೇ ಚೊಲೋ ಇತ್ತನಾ, ಅಕ್ಕೋರೆ?" ನಾನು ಕಿಟಕಿಯ ಕಡೆ ತಿರುಗಿದೆ. ಅವರ ಮೇಲಿನ ಸಿಟ್ಟೋ, ಆಕೆಗೆ ಅಂದು "ಅಲ್ಲ" ಎಂದಿದ್ದ ನನ್ನದೇ ನಾಚಿಕೆಯೋ... ಇವತ್ತಿಗೂ ಗೊತ್ತಿಲ್ಲ.

ಮುಂದಿನ ಸೋಮವಾರ ಆಕೆ ಬರಲಿಲ್ಲ. ಅವರು ಮಧ್ಯಾಹ್ನದವರೆಗೂ ಜಗಲಿಯಲ್ಲಿ ಕಾದಿದ್ದರು. ಮಳೆಗಾಲಕ್ಕೆ ಮುಂಚೆಯೇ ಇನ್ನೊಂದು ಹಡಗಿಗೆ ಹೊರಟರು. ತಡೆಯಲು ಹೋದ ಹೆಂಡತಿಗೆ, ನೆಲದ ಮೇಲೆ ನಿಲ್ಲಲಾಗುವುದಿಲ್ಲ ಎಂದರಂತೆ. ಆಮೇಲೆ ನನಗೆ ಅಂಕೋಲೆಗೆ ವರ್ಗವಾಯಿತು, ಅವರ ಮನೆಯವರು ಗೋವಾಕ್ಕೆ ಹೋದರು.

ಈಗಲೂ ಯಾವುದೋ ಯುದ್ಧ, ಯಾವುದೋ ಸಮುದ್ರ. ಉರಿಯುವ ಸರಕಿನ ಹಡಗನ್ನು ಟಿವಿಯಲ್ಲಿ ತೋರಿಸಿದಾಗೆಲ್ಲ ಎದ್ದು ಮನೆಯೊಳಗೆ ಓಡಾಡುತ್ತೇನೆ. ಹಡಗಿನವರು ತೀರಿಕೊಂಡು ಎರಡು ವರ್ಷವಾಯಿತೆಂದು ಕೋಡಿಬಾಗದ ಪರಿಚಯದವರೊಬ್ಬರು ಮೊನ್ನೆ ಪೇಟೆಯಲ್ಲಿ ಸಿಕ್ಕು ಹೇಳಿದರು. ಅಂದು ಬಸ್ಸಿನಲ್ಲಿ ಅವರು ಕೇಳಿದ್ದಕ್ಕೆ, ನೀವು ಹೇಳಿದ್ದೇ ಒಳ್ಳೆಯದಾಯಿತು ಎನ್ನಲು ನನಗೆ ಇಷ್ಟು ವರ್ಷ ಹಿಡಿಯಿತು. ಕೇಳಿಸಿಕೊಳ್ಳಲು ಅವರಿಲ್ಲ.