ವಿದ್ಯಾಳ ಫೋನ್ ಸುಮ್ಮನಾದ ಸಂಜೆ

ಟಿಣ್, ಟಿಣ್, ಟಿಣ್... ಆ ಸದ್ದು ಈಗಲೂ ನನ್ನ ಕಿವಿಯಲ್ಲಿದೆ. ಮುಂಬಯಿಯ ಘಾಟ್ಕೋಪರಿನ ನನ್ನ ಬಾಲ್ಕನಿಯಲ್ಲಿ ಚಹಾ ಕುಡಿಯುತ್ತಿದ್ದ ಪಕ್ಕದ ಫ್ಲಾಟಿನ ವಿದ್ಯಾ, ಕಪ್ ಕೆಳಗಿಟ್ಟು ಲ್ಯಾಪ್‌ಟಾಪ್ ತೆರೆದಳು. ಅವಳ ಆಫೀಸಿನ ಆ್ಯಪ್‌ಗೆ ಪದೇ ಪದೇ ಬೇಕಾಗುವ ಮಾಹಿತಿಯನ್ನು ಮೆಮೊರಿಯಲ್ಲೇ ಹಿಡಿದಿಡುವ ಡೇಟಾ ಸ್ಟೋರನ್ನು ಕ್ಲೌಡ್‌ನಲ್ಲಿ ಅವಳೇ ಕಟ್ಟಿದ್ದಳು. ಅದು ಮುಗ್ಗರಿಸಿದಾಗಲೆಲ್ಲ ಫೋನ್ ಹೀಗೆ ಕೂಗುತ್ತಿತ್ತು. ಮುಂದಿನ ವಾರ ಧಾರವಾಡದಲ್ಲಿ ತಾಯಿಯ ಕಣ್ಣಿನ ಆಪರೇಷನ್. ಇದನ್ನು ಬಿಟ್ಟು ಹೊರಡಲು ಅವಳಿಗೆ ಧೈರ್ಯವಿರಲಿಲ್ಲ.

“ಕ್ಲೌಡ್ ಕಂಪನಿಯವರೇ ನೋಡ್ಕೊಳ್ಳೋ ಮ್ಯಾನೇಜ್ಡ್ ಸ್ಟೋರ್ ಸಿಗತೈತ್ರಿ ಆಂಟಿ. ಆದ್ರ ಇದು ನನ್ನ ಕೂಸು. ಬ್ಯಾರೆಯವರ ಕೈಯಾಗ ಹೆಂಗ ಕೊಡ್ಲಿ?”

“ಮೈ ಡಿಯರ್, ಕೂಸಿಗೆ ಆಯಾ ಸಿಗ್ತಾಳೆ. ನಿನ್ನ ಅಮ್ಮನಿಗೆ ಇನ್ನೊಬ್ಬ ಮಗಳು ಸಿಗ್ತಾಳಾ?” ಎಂದೆ.

ಅವಳು ಇಳಿಬಿಸಿಲಿನಲ್ಲಿ ತೇಲಿದಂತೆ ಸಾಗುವ ಮೆಟ್ರೊವನ್ನೇ ನೋಡುತ್ತ ಕುಳಿತಳು. ಮರುದಿನದಿಂದ ಮಾಹಿತಿಯನ್ನೆಲ್ಲ ಆ ಕಂಪನಿಯ ಸ್ಟೋರಿಗೆ ಸಾಗಿಸತೊಡಗಿದಳು.

ಧಾರವಾಡಕ್ಕೆ ಹೋದವಳು ತಾಯಿಯ ಬಳಿಯೇ ಉಳಿದು, ಈಗ ಅಲ್ಲಿಂದಲೇ ಕೆಲಸ ಮಾಡುತ್ತಾಳಂತೆ. ನಾನು ಇಂದಿಗೂ ಸಂಜೆ ಮರೆತು ಎರಡು ಕಪ್ ತೆಗೆದಿಡುತ್ತೇನೆ. ಅವಳನ್ನು ಕೊನೆಯ ಬಾರಿ ಕಂಡದ್ದು ಅವಳು ಊರಿಗೆ ಹೊರಟ ಸಂಜೆ, ನಮ್ಮ ಬಿಲ್ಡಿಂಗಿನ ಗೇಟಿನಲ್ಲಿ. ರಿಕ್ಷಾದಲ್ಲಿ ಕುಳಿತು, ಅಭ್ಯಾಸಬಲದಿಂದ ಫೋನ್ ನೋಡಿದಳು, ಅದು ಸುಮ್ಮನಿತ್ತು. ಅದನ್ನು ಪರ್ಸಿನೊಳಗಿಟ್ಟು, ಎರಡೂ ಕೈ ಬೀಸಿದಳು.