ಸದ್ದಿನ ಅಯ್ಯ

ಅವರ ಬಲಗೈ ಯಾವಾಗಲೂ ಕಿವಿಯ ಪಕ್ಕದಲ್ಲೇ ಇರುತ್ತಿತ್ತು. ಮುಷ್ಟಿಯೊಳಗೆ ಸಿಪ್ಪೆ ಸಮೇತ ಒಣಗಿದ ನಾಲ್ಕಾರು ಕಾಫಿ ಹಣ್ಣು. ಕುಲುಕಿದಾಗ ಒಳಗಿನ ಬೀಜ ಗಲಗಲ ಎಂದರೆ ಒಣಗಿದೆ ಎಂದರ್ಥ. ಬಾಳೂರಿನ ಆ ಎಸ್ಟೇಟಿನ ಕಣದಲ್ಲಿ ಅದನ್ನು ತೀರ್ಮಾನಿಸುವ ಕೆಲಸವನ್ನು ಒಡತಿಯಾದ ಅವರಕ್ಕ ತಮ್ಮನಿಗೇ ಬಿಟ್ಟಿದ್ದರು. ಅಷ್ಟು ಸೂಕ್ಷ್ಮ ಕಿವಿ.

ಹಿಂದೆ ಕಾಫಿ ಮೂಟೆ ಇಡುತ್ತಿದ್ದ ಹಳೇ ಸ್ಟೋರಿನಲ್ಲಿ ಮೈಕು, ಕಂಪ್ಯೂಟರ್ ಇಟ್ಟುಕೊಂಡು ನನ್ನಂಥ ಬರಿಗೈ ನಿರ್ದೇಶಕರ ಚಿತ್ರಗಳಿಗೆ ಸಂಗೀತ ಮಾಡುತ್ತಿದ್ದರು. ಕಣದಲ್ಲಿ ಹಲಗೆಯಿಂದ ಕಾಫಿ ಎಳೆದು ಹರಡುವ ಸದ್ದನ್ನು ನಿಧಾನಗೊಳಿಸಿ, ಅದರಡಿ ಹಾರ್ಮೋನಿಯಂನ ಒಂದೇ ಸ್ವರ ಹಿಡಿದರೆ, ತೆರೆಯ ಮೇಲಿನ ಖಾಲಿ ಕೋಣೆಯಲ್ಲೂ ಯಾರೋ ಇದ್ದಾರೆ ಅನ್ನಿಸುತ್ತಿತ್ತು. ಕೆಲಸದವರಿಗೆ ಅವರು ಸದ್ದಿನ ಅಯ್ಯ. "ಹಾಡು ಬೇಕಾದ್ರೆ ಬೇರೆ ಕಡೆ ಹೋಗು ಮಾರಾಯ," ಎಂದು ಮೊದಲ ದಿನವೇ ನನ್ನನ್ನು ಗದರಿದ್ದರು.

ನನ್ನ ಮೊದಲ ಚಿತ್ರದ ಕೊನೆಯ ದೃಶ್ಯಕ್ಕೆ ಮಾತ್ರ ಸಂಗೀತ ಬಾಕಿಯಿತ್ತು. ಕೇಳಲು ಹೋದಾಗ ಅವರು ಕಣದಲ್ಲಿ ನಿಂತು ಹಣ್ಣು ಕುಲುಕಿ, "ಇನ್ನೂ ಹಸಿ," ಎಂದರು. ಗಲಗಲ ಎಂಬುದು ಮಾರು ದೂರದಲ್ಲಿದ್ದ ನನಗೇ ಕೇಳಿಸಿತ್ತು. ಕಾಫಿ ಹರಡುತ್ತಿದ್ದ ಹೆಂಗಸು ನನ್ನನ್ನು ಪಕ್ಕಕ್ಕೆ ಕರೆದಳು. "ಅಯ್ಯರಿಗೆ ಕಿವಿ ಕೇಳಲ್ಲ ಸಾರ್. ಒಣಗಿದ್ದನ್ನೇ ಒಂದ್ ವಾರದಿಂದ ಒಣಗಿಸ್ತಿದೀವಿ. ಅಕ್ಕಾವ್ರಿಗೆ ಹೇಳ್ಬೇಡಿ."

ಸ್ಟೋರಿನೊಳಗೆ ವಿಚಾರಿಸಿದೆ. ಅವರು ನನ್ನ ತುಟಿಯನ್ನೇ ನೋಡುತ್ತಿದ್ದರು.

"ಎರಡೂ ಕಿವಿ ಹೋಗುತ್ತೆ ಅಂದಿದಾರೆ ಡಾಕ್ಟ್ರು. ಇದೊಂದನ್ನ ಮುಗಿಸ್ತೀನಿ. ಬೇರೆಯವ್ರಿಗೆ ಕೊಡ್ಬೇಡ ಮಾರಾಯ." ಅರವತ್ತು ದಾಟಿದವರು ನನ್ನೆದುರು ಕೈ ಮುಗಿದರು. ಆಯಿತು ಎಂದೆ.

ತಿಂಗಳಾದ ಮೇಲೆ ಕಳಿಸಿದರು. ನಾನು ತೆರೆದು ಕೇಳಲೂ ಇಲ್ಲ. ಕಿವಿ ಹೋದವರು ಏನು ಮಾಡಿಯಾರು, ಚಿತ್ರ ಮುಳುಗಿದರೆ ಗತಿಯೇನು ಎಂಬ ಭಯ. ಹೆದರುಪುಕ್ಕಲ ನಾನು. ಇನ್ನೊಬ್ಬರಿಂದ ಮಾಡಿಸಿ ಹಾಕಿದೆ. ಹೆಸರು ಮಾತ್ರ ಅವರದ್ದೇ ಉಳಿಸಿದೆ.

ಚಿಕ್ಕಮಗಳೂರಿನಲ್ಲಿ ಚಿತ್ರ ತೋರಿಸಿದಾಗ ಪಕ್ಕದಲ್ಲೇ ಕೂತಿದ್ದರು. ಕೊನೆಯ ದೃಶ್ಯ ಬಂದಾಗ ತೆರೆಗೆ ಬೆನ್ನು ಮಾಡಿ ಜನರ ಮುಖ ನೋಡತೊಡಗಿದರು. ತಮ್ಮ ಸಂಗೀತ ಏನು ಮಾಡುತ್ತಿದೆ ಎಂದು ತಿಳಿಯಲು ಅವರಿಗೆ ಉಳಿದಿದ್ದು ಅದೊಂದೇ ದಾರಿ. ಹಿಂದಿನ ಸಾಲಿನಲ್ಲಿ ಒಬ್ಬಾಕೆ ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಅತ್ರು ನೋಡು! ಸರಿಯಾಗಿ ಬಂದಿದೆ ಅಲ್ವಾ?" ಎಂದು ನನ್ನ ಕೈ ಹಿಚುಕಿ ಜೋರಾಗಿ ಕೇಳಿದರು. ನಾನು ತಲೆಯಾಡಿಸಿದೆ. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

ಕಳೆದ ವರ್ಷ ತೀರಿಕೊಂಡರು. ಮಣ್ಣಿಗೆ ಹೋಗಿ ಬಂದ ಸಂಜೆ ಅವರು ಕಳಿಸಿದ್ದನ್ನು ಮೊದಲ ಸಲ ಕೇಳಿದೆ. ನಾಲ್ಕು ನಿಮಿಷ. ಎಲ್ಲೂ ತಪ್ಪಿರಲಿಲ್ಲ. ನನ್ನ ಚಿತ್ರಕ್ಕೆ ಬೇಕಾಗಿದ್ದುದು ಅದೇ.

ಅಕ್ಕನಿಗಾದರೂ ಹೇಳಿಬಿಡೋಣವೆಂದು ಮೂರು ಸಲ ಬಾಳೂರಿಗೆ ಹೋಗಿದ್ದೇನೆ. ಬಾಯಿ ತೆರೆಯುವಷ್ಟರಲ್ಲಿ ಅವರು, "ನಿನ್ನಿಂದಾಗಿ ನನ್ ತಮ್ಮ ನೆಮ್ಮದೀಲಿ ಹೋದ ಮಾರಾಯ," ಎನ್ನುತ್ತಾ ಲೋಟಕ್ಕೆ ಇನ್ನಷ್ಟು ಕಾಫಿ ಬಗ್ಗಿಸುತ್ತಾರೆ.