ನಾಲ್ಕರ ಸುತ್ತ ಕೆಂಪು ಗೆರೆ

ಅವರ ಬಲಗೈಯ ಬೆರಳುಗಳು ಎಂದೂ ಸುಮ್ಮನಿರುತ್ತಿರಲಿಲ್ಲ. ಮಾತಾಡುವಾಗ, ಬಸ್ಸಿಗೆ ಕಾಯುವಾಗ, ದೇವರ ಮುಂದೆ ಕಣ್ಣು ಮುಚ್ಚಿ ನಿಂತಾಗಲೂ ಮೂರು ಬೆರಳು ಸೀರೆಯ ನೆರಿಗೆಯ ಮೇಲೆ ಟಕಟಕನೆ ಬಡಿಯುತ್ತಿದ್ದವು. ಹತ್ತಿರದಿಂದ ನೋಡಿದರೆ ಅವುಗಳ ತುದಿ ಚಪ್ಪಟೆಯಾಗಿ, ಗೆರೆಗಳೆಲ್ಲ ಸವೆದು ನುಣ್ಣಗಾಗಿತ್ತು. ಬೆಂಗಳೂರಿನ ಒಂದು ದೊಡ್ಡ ಕಚೇರಿಯಲ್ಲಿ ವರ್ಷಾನುಗಟ್ಟಲೆ ರಟ್ಟಿನ ಕಾರ್ಡುಗಳಿಗೆ ತೂತು ಹೊಡೆದ ಬೆರಳುಗಳು ಅವು. ಆ ಕಾಲದಲ್ಲಿ ಕಂಪ್ಯೂಟರಿಗೆ ಏನು ಹೇಳಬೇಕಾದರೂ ಕಾರ್ಡಿನ ತೂತುಗಳ ಮೂಲಕವೇ ಹೇಳಬೇಕಿತ್ತಂತೆ. ಆ ಬೆರಳುಗಳ ಸದ್ದು ಹತ್ತಿರ ಬಂದರೆ ನಾನು ಹಿಂದಿನ ಬೆಂಚಿಗೆ ಸರಿಯುತ್ತಿದ್ದೆ.

ನಾವು ಅವರನ್ನು ಕಂಪ್ಯೂಟರ್ ಮೇಡಂ ಎನ್ನುತ್ತಿದ್ದೆವು. ಕೊಪ್ಪದಲ್ಲಿ ಎಸ್‌ಟಿಡಿ ಬೂತಿನ ಎದುರು ಜನ ಸಾಲು ನಿಲ್ಲುತ್ತಿದ್ದ ಕಾಲ. ಪಕ್ಕದ ಬಾಳಗಡಿಯ ಒಂದು ಗೊಬ್ಬರದಂಗಡಿಯ ಮಹಡಿಯ ಮೇಲೆ ಅವರ ಕ್ಲಾಸು. ಮುಂದೆ ಬೆಂಚುಗಳಿದ್ದ ದೊಡ್ಡ ಕೋಣೆ, ಹಿಂದೆ ಸದಾ ಬೀಗ ಹಾಕಿದ ಸಣ್ಣ ಕೋಣೆ. ಎರಡರ ನಡುವಿನ ಗೋಡೆಯಲ್ಲಿ ಟಿಕೆಟ್ ಕೌಂಟರಿನ ಹಾಗೆ ಒಂದು ಕಿಂಡಿ. ಕಂಪ್ಯೂಟರ್ ಇದ್ದದ್ದು ಒಳಗಿನ ಕೋಣೆಯಲ್ಲಿ. ಕಂಪ್ಯೂಟರ್ ಕಲಿಯುತ್ತೇವೆಂದು ಬಂದ ನಮಗೆ ಅದನ್ನು ಮುಟ್ಟುವುದಿರಲಿ, ಕಣ್ಣಿಂದ ನೋಡುವ ಭಾಗ್ಯವೂ ಇರಲಿಲ್ಲ. ನಾವು ಬೇಸಿಕ್ ಎಂಬ ಭಾಷೆಯಲ್ಲಿ ಹಾಳೆಯ ಮೇಲೆ ಪ್ರೋಗ್ರಾಂ ಬರೆದು ಕಿಂಡಿಯೊಳಗೆ ತಳ್ಳಬೇಕು. ಮರುದಿನ ಅದರ ಫಲಿತಾಂಶ ಅಚ್ಚಾಗಿ ಅದೇ ಕಿಂಡಿಯಿಂದ ಹೊರಬರುತ್ತಿತ್ತು. ತಪ್ಪಿದ್ದರೆ ಕೆಂಪು ಶಾಯಿಯ ದುಂಡು ಗೆರೆ, ಜೊತೆಗೆ ಒಳಗಿನಿಂದ ಒಂದೇ ಮಾತು: "ತಪ್ಪಿದೆ. ನಾಳೆ ಬಾ."

ಏನು ತಪ್ಪು ಎಂದು ಕೇಳುವ ಹಾಗಿರಲಿಲ್ಲ. ಕೇಳಿದವನ ಪ್ರೋಗ್ರಾಂ ಅನ್ನು ಎಲ್ಲರ ಎದುರು ಸಾಲುಸಾಲಾಗಿ ಓದಿ, ಒಂದೊಂದು ಸಾಲಿಗೂ ನಿಲ್ಲಿಸಿ, ಇದನ್ನು ಬರೆಯುವಾಗ ಬಾಯಲ್ಲಿ ಏನಿತ್ತು, ಎಲೆಯಡಿಕೆಯ ಕವಳವಾ ಎಂದು ವಿಚಾರಿಸುತ್ತಿದ್ದರು. ಒಮ್ಮೆ ಒಬ್ಬಳು ಹುಡುಗಿ ಅತ್ತೇಬಿಟ್ಟಳು. ಮೇಡಂ ಅವಳ ಕೈಯಿಂದ ಹಾಳೆ ಕಿತ್ತುಕೊಂಡು, "ಆಚೆ ಹೋಗಿ ಅಳು. ಕಾರ್ಡಿಗೆ ಒಂದು ಹನಿ ನೀರು ಬಿದ್ರೆ ಉಬ್ಬಿ ಯಂತ್ರಕ್ಕೆ ಸಿಕ್ಕಿಕೊಳ್ತದೆ. ನಮ್ಮ ಕಚೇರೀಲಿ ಅತ್ತವರಿಗೆ ಅರ್ಧ ದಿನದ ಸಂಬಳ ಕಟ್" ಎಂದರು. ನಮ್ಮ ಹತ್ತಿರ ಕಾರ್ಡೇ ಇರಲಿಲ್ಲ. ಆದರೂ ಅವಳು ಆಚೆ ಹೋಗಿಯೇ ಅತ್ತಳು.

ನನ್ನ ಸರದಿಯೂ ಬಂತು. ನನ್ನ ಹೆಸರನ್ನು ಅಚ್ಚು ಹಾಕಿಸುವ ಪ್ರೋಗ್ರಾಂ ಬರೆದಿದ್ದೆ. ಅಚ್ಚು ಹಾಕು, ಮತ್ತೆ ಮೊದಲ ಸಾಲಿಗೆ ಹೋಗು ಎಂದು ಬರೆದೆನೇ ಹೊರತು ಎಲ್ಲಿ ನಿಲ್ಲಿಸಬೇಕೆಂದು ಬರೆಯಲಿಲ್ಲ. ಮರುದಿನ ಕಿಂಡಿಯಿಂದ ಒಂದು ಹಾಳೆಯ ಬದಲು ಹಾಳೆಗಳ ಕಟ್ಟೇ ಬಂತು. ತಲೆಯಿಂದ ಬುಡದವರೆಗೆ ನನ್ನದೇ ಹೆಸರು. ಮೇಡಂ ಹೊರಗೆ ಬಂದು ಕುರ್ಚಿ ಎಳೆದು ಕೂತರು.

"ಓದು."

"ಮೇಡಂ, ಪೂರ್ತಿಯಾ?"

"ನಿಲ್ಲಿಸು ಅಂತ ನೀನೆಲ್ಲಿ ಬರ್ದಿದೀಯ? ಯಂತ್ರ ನೀನು ಬರೆದದ್ದನ್ನ ಮಾಡ್ತದೆ, ಅಂದುಕೊಂಡದ್ದನ್ನಲ್ಲ. ಓದು."

ಗಂಟಲು ಕಟ್ಟುವವರೆಗೆ ಓದಿದೆ. ಕೊನೆಕೊನೆಗೆ ಅದು ನನ್ನ ಹೆಸರೆನ್ನುವುದೇ ಮರೆತು ಯಾವುದೋ ಊರಿನ ಹೆಸರಿನ ಹಾಗೆ ಕೇಳತೊಡಗಿತು. ಬೆಂಚಿನವರೆಲ್ಲ ಬಾಯಿಗೆ ಕೈ ಅಡ್ಡ ಹಿಡಿದು ನಗುತ್ತಿದ್ದರು. ಮನೆಗೆ ಹೋಗಿ ಊಟ ಬಿಟ್ಟೆ. ಈ ಹೆಂಗಸು ಸತ್ತರೆ ಬಾಳೆಹಣ್ಣು ಹಂಚುತ್ತೇನೆ ಎಂದು ದೇವರ ಮನೆಯಲ್ಲಿ ನಿಂತು ಹೇಳಿದ್ದೂ ಇದೆ. ಆದರೆ ಆಮೇಲೆ ಇವತ್ತಿನವರೆಗೂ ನಿಲ್ಲಿಸುವ ಸಾಲು ಬರೆಯದೆ ನಾನು ಯಾವ ಪ್ರೋಗ್ರಾಮನ್ನೂ ಮುಗಿಸಿದವಳಲ್ಲ.

ಮನಸ್ಸು ಸರಿಯಿದ್ದ ದಿನ ಹಳೆಯ ಕಥೆ ಹೇಳುತ್ತಿದ್ದರು, ಅದನ್ನೂ ಯಾರನ್ನೋ ಬೈಯುವ ಧಾಟಿಯಲ್ಲೇ. "ಕಂಪ್ಯೂಟರ್ ಅಂದ್ರೆ ಮೊದಲು ಯಂತ್ರ ಅಲ್ಲ, ತಿಳ್ಕೊಳ್ಳಿ. ಲೆಕ್ಕ ಮಾಡೋ ಮನುಷ್ಯರಿಗೆ ಆ ಹೆಸರಿತ್ತು. ಪರದೇಶದಲ್ಲಿ ಹೆಂಗಸರು ಸಾಲಾಗಿ ಕೂತು ಲೆಕ್ಕ ಮಾಡ್ತಿದ್ರು. ಯಂತ್ರ ಬಂತು. ಅವರ ಹೆಸರು ತೆಗೆದು ಯಂತ್ರಕ್ಕಿಟ್ಟು ಅವರನ್ನ ಮನೆಗೆ ಕಳಿಸಿದ್ರು." ತಮ್ಮ ಕಚೇರಿಯ ಕಥೆಯೂ ಹಾಗೇ ಇತ್ತು. ಯಂತ್ರ ಗಾಜಿನ ಕೋಣೆಯ ತಂಪಿನಲ್ಲಿರುತ್ತಿತ್ತಂತೆ. ತಲೆಯ ಹೂವು, ಸೀರೆಯ ಧೂಳು ಒಳಗೆ ಬರಬಾರದೆಂದು ಕಾರ್ಡು ಹೊಡೆಯುವ ಹೆಂಗಸರಿಗೆ ಪ್ರವೇಶವಿರಲಿಲ್ಲ. ಕಾರ್ಡಿನ ಕಟ್ಟನ್ನು ಕಿಂಡಿಯಲ್ಲಿ ಕೊಟ್ಟು ಬರಬೇಕು. ಅಷ್ಟು ವರ್ಷ ದುಡಿದರೂ ಅದು ಕೆಲಸ ಮಾಡುವುದನ್ನು ಅವರು ಒಂದು ದಿನವೂ ನೋಡಲಿಲ್ಲ. ಕಾರ್ಡಿನ ಕಾಲ ಮುಗಿದಾಗ ಆ ವಿಭಾಗವನ್ನೇ ಮುಚ್ಚಿದರು. ಅಲ್ಲಿ ಉಂಡ ಅವಮಾನವನ್ನು ಈ ಹೆಂಗಸು ಗಂಟು ಕಟ್ಟಿಕೊಂಡು ಬಂದು ನಮಗೆ ಬಡಿಸುತ್ತಿದ್ದಾರೆ ಎಂದು ನನಗೆ ಆಗಲೇ ಅನ್ನಿಸಿತ್ತು. ಈಗಲೂ ಹಾಗೇ ಅನ್ನಿಸುತ್ತದೆ.

ನಮ್ಮ ಜೊತೆ ಲೈನ್‌ಮನ್ ಒಬ್ಬರ ಮಗ ಇದ್ದ. ಚುರುಕು ತಲೆ, ಅದಕ್ಕಿಂತ ಚುರುಕು ನಾಲಿಗೆ. ಮೇಡಂ ಅವನನ್ನು ಎಷ್ಟು ಗೋಳು ಹೊಯ್ದುಕೊಂಡಿದ್ದರೆಂದರೆ ಅವನು ಸೇಡಿಗೆ ಕಾಯುತ್ತಿದ್ದ. ಆ ಮಳೆಗಾಲ ಹರಿಹರಪುರದ ಕಡೆ ಲೈನಿನ ಮೇಲೆ ಮರ ಬಿದ್ದು ಊರಿಗೆ ಊರೇ ಕತ್ತಲಾಯಿತು. ನಾವು ಎಂದಿನಂತೆ ಹಾಳೆ ಕೊಟ್ಟೆವು, ಫಲಿತಾಂಶ ತೆಗೆದುಕೊಂಡೆವು. ಅವನೊಬ್ಬ ಮಾತ್ರ ತನ್ನ ಹಾಳೆಯನ್ನು ತಿರುಗಿಸಿ ತಿರುಗಿಸಿ ನೋಡಿದ.

"ಅಲ್ವೇ, ಕರೆಂಟೇ ಇಲ್ಲ ಮಾರಾಯ್ತಿ. ಅಪ್ಪ ಇನ್ನೂ ಕಂಬದ ಮೇಲೇ ಇದಾರೆ. ಈ ಕಂಪ್ಯೂಟ್ರು ಎಂತರಲ್ಲಿ ಓಡ್ತದೆ, ಸೀಮೆಎಣ್ಣೇಲಾ?"

ಉಳಿದ ಯಾರಿಗೂ ಅದು ಹೊಳೆದಿರಲಿಲ್ಲ. ಮೇಡಂಗೂ ಹೊಳೆದಿರಲಿಲ್ಲ. ಕೊಟ್ಟ ಕೆಲಸವನ್ನು ಮರುದಿನಕ್ಕೆ ಮುಗಿಸಿಕೊಡುವ ಚಟದಲ್ಲಿ ಅವರು ಕರೆಂಟನ್ನೇ ಮರೆತಿದ್ದರು.

ಅವನು ತಕ್ಷಣ ರಂಪ ಮಾಡಲಿಲ್ಲ. ಇನ್ನೂರರವರೆಗಿನ ಅವಿಭಾಜ್ಯ ಸಂಖ್ಯೆಗಳನ್ನು ಹುಡುಕುವ ಪ್ರೋಗ್ರಾಂ ಬರೆದ. ಒಂದೊಂದು ಸಂಖ್ಯೆಯನ್ನೂ ಅದಕ್ಕಿಂತ ಚಿಕ್ಕ ಸಂಖ್ಯೆಗಳಿಂದ ಒಂದೊಂದಾಗಿ ಭಾಗಿಸಿ ನೋಡುವ, ಯಂತ್ರಕ್ಕೆ ಕಣ್ಣು ಮಿಟುಕಿಸುವಷ್ಟರ, ಮನುಷ್ಯರಿಗೆ ಜೀವ ತೆಗೆಯುವ ಕೆಲಸ. ಕಿಂಡಿಯೊಳಗೆ ತಳ್ಳಿ ನಮ್ಮ ಕಡೆ ತಿರುಗಿ ಕಣ್ಣು ಹೊಡೆದ. ಆ ವಾರ ಕಿಂಡಿ ತೆರೆಯಲೇ ಇಲ್ಲ. "ಯಂತ್ರಕ್ಕೆ ಬಿಡುವಿಲ್ಲ" ಎಂದಷ್ಟೇ ಒಳಗಿನಿಂದ ದನಿ ಬರುತ್ತಿತ್ತು, ದಿನದಿಂದ ದಿನಕ್ಕೆ ಸಣ್ಣದಾಗಿ. ಕೊನೆಗೊಂದು ಮಧ್ಯಾಹ್ನ ಫಲಿತಾಂಶ ಹೊರಗೆ ಬಂತು. ಅದಕ್ಕೇ ಕಾದಿದ್ದವನಂತೆ ಅವನು ತನ್ನ ಅಪ್ಪನನ್ನೂ ಇನ್ನಷ್ಟು ಹುಡುಗರ ಅಪ್ಪಂದಿರನ್ನೂ ಮೆಟ್ಟಿಲು ಹತ್ತಿಸಿಕೊಂಡು ಬಂದ.

ಬೀಗವನ್ನು ಮೇಡಂ ತಾವೇ ತೆಗೆದರು. ಒಳಗೆ ಮೇಜಿನ ಮೇಲೆ ಕಸೂತಿ ಬಟ್ಟೆ ಹೊದ್ದ ಕಂಪ್ಯೂಟರ್. ಅದರ ನೆತ್ತಿಯ ಮೇಲೆ ಆಯುಧಪೂಜೆಯ ಒಣಗಿದ ಹೂವು. ಪಕ್ಕದಲ್ಲಿ ಟೈಪ್‌ರೈಟರ್. ನೆಲದ ತುಂಬ ಶಾಲೆಯ ಮಕ್ಕಳ ಸ್ಲೇಟುಗಳು, ಒಂದೊಂದರ ಮೇಲೂ ಮನೆ ಮನೆ ಗೆರೆ ಎಳೆದು, ಬರೆದು, ಒರೆಸಿ, ಮತ್ತೆ ಬರೆದ ಅಂಕಿಗಳು. ಯಾರೋ ಸ್ವಿಚ್ ಒತ್ತಿದರು. ಅಷ್ಟು ಹೊತ್ತಿಗೆ ಊರಿಗೆ ಕರೆಂಟು ಬಂದಿತ್ತು, ಕಂಪ್ಯೂಟರಿಗೆ ಬರಲಿಲ್ಲ. ನಾವು ಸೇರುವ ಮೊದಲೇ, ಅದು ಬಂದ ಹೊಸತರಲ್ಲೇ ಸಿಡಿಲಿಗೆ ಸುಟ್ಟುಹೋಗಿತ್ತಂತೆ. ಶಿವಮೊಗ್ಗದ ರಿಪೇರಿಯವರು ಬಿಚ್ಚಿ ನೋಡಿ ಹಾಗೇ ಮುಚ್ಚಿಕೊಟ್ಟಿದ್ದರಂತೆ. ಅಲ್ಲಿಂದ ಮುಂದೆ ನಮ್ಮೆಲ್ಲರ ಪ್ರೋಗ್ರಾಮುಗಳು ಓಡಿದ್ದು ಮೇಡಂನ ತಲೆಯಲ್ಲಿ, ಆ ಸ್ಲೇಟುಗಳ ಮೇಲೆ. ನನ್ನ ಹೆಸರು ತುಂಬಿದ್ದ ಹಾಳೆಗಳು ನೆನಪಾದವು. ನಾನು ಓದಲು ಸೋತ ಅಷ್ಟನ್ನೂ ಆ ಬೆರಳುಗಳು ಒಂದೊಂದೇ ಅಕ್ಷರ ಬಡಿದಿದ್ದವು.

"ಎಂತ ಮಾರಾಯ್ರೆ ಇದು! ಸತ್ತ ಪೆಟ್ಟಿಗೆಗೆ ಪೂಜೆ ಮಾಡ್ಕೊಂಡು ಕೂತಿದಾರಲ್ಲ!" ಎಂದರು ಯಾರೋ ಒಬ್ಬರು.

ಮೇಡಂ ಕೈಮುಗಿಯಲಿಲ್ಲ, ಅಳಲೂ ಇಲ್ಲ. "ಫಲಿತಾಂಶ ತಪ್ಪಿದ್ರೆ ಹೇಳಿ" ಎಂದರು.

ಅಪ್ಪಂದಿರಲ್ಲೊಬ್ಬರು ಲೈನ್‌ಮನ್ ಮಗನ ಕೈಯಿಂದ ಹಾಳೆ ತೆಗೆದುಕೊಂಡು ಜೋರಾಗಿ ಓದಿದರು. "ಎರಡು, ಮೂರು, ನಾಲ್ಕು..." ಅಲ್ಲಿಗೇ ನಿಂತರು. "ನಾಲ್ಕಾ? ಎರಡೆರಡ್ಲಿ ನಾಲ್ಕು ಅಂತ ನಮ್ಮನೆ ಸಣ್ಣ ಕೂಸಿಗೂ ಗೊತ್ತಲ್ರೀ!"

ಎಲ್ಲರೂ ಮಹಡಿ ಹಾರಿಹೋಗುವಂತೆ ನಕ್ಕರು. ಮೇಡಂ ಮುಖ ಬಿಳಿಚಿಕೊಂಡಿತು. "ಅವನು ಬರೆದದ್ದನ್ನ ನೋಡಿ. ಬರೆದದ್ದನ್ನ ನೋಡಿ" ಎನ್ನುತ್ತಲೇ ಇದ್ದರು. ಯಾರೂ ನೋಡಲಿಲ್ಲ. ಹುಡುಗ ಅವರದೇ ಮೇಜಿನಿಂದ ಕೆಂಪು ಪೆನ್ನು ಎತ್ತಿಕೊಂಡು ನಾಲ್ಕರ ಸುತ್ತ ನಿಧಾನವಾಗಿ ದುಂಡಗೆ ಗೆರೆ ಎಳೆದ. ಆಮೇಲೆ ಅವರ ದನಿಯನ್ನೇ ಅಣಕಿಸಿ, "ತಪ್ಪಿದೆ. ನಾಳೆ ಬಾ" ಎಂದ.

ಕ್ಲಾಸು ಮುಚ್ಚಿತು. ಮೇಡಂ ಭಂಡಿಗಡಿಯ ತಮ್ಮನ ಮನೆ ಸೇರಿದರು. ಸಂತೆಗೆ ಬಂದರೆ ಹುಡುಗರು ಹಿಂದಿನಿಂದ "ಮೇಡಂ, ಕರೆಂಟ್ ಬಂತಾ?" ಎಂದು ಕೂಗುತ್ತಿದ್ದರು. ಆ ಹುಡುಗರು ಬೆಳೆದು ಹೋದ ಮೇಲೆ ಅವರ ತಮ್ಮಂದಿರು ಕೂಗಿದರು, ಏಕೆ ಕೂಗುತ್ತೇವೆಂದು ತಿಳಿಯದೆಯೇ. ಲೈನ್‌ಮನ್ ಮಗ ಬಾಳಗಡಿಯಲ್ಲೇ ಇನ್ವರ್ಟರ್ ಅಂಗಡಿ ತೆರೆದ. ಆ ಹಾಳೆಗೆ ಗಾಜು, ಚೌಕಟ್ಟು ಹಾಕಿಸಿ ಗಲ್ಲಾದ ಮೇಲೆ ತೂಗುಹಾಕಿದ. ಮೇಲೆ ಅವನ ಕೈಬರಹದ ಪ್ರೋಗ್ರಾಂ, ಕೆಳಗೆ ಮೇಡಂ ಟೈಪ್ ಮಾಡಿದ ಸಂಖ್ಯೆಗಳು, ನಡುವೆ ಕೆಂಪು ಗೆರೆ. ಬಂದ ಗಿರಾಕಿಗಳಿಗೆಲ್ಲ ಕಥೆ ಹೇಳಿ ನಗಿಸುತ್ತಿದ್ದ. ನಾನು ನರಸಿಂಹರಾಜಪುರದ ಕಾಲೇಜೊಂದರಲ್ಲಿ ಕಂಪ್ಯೂಟರ್ ಕಲಿಸಲು ಸೇರಿದೆ. ಆ ಅಂಗಡಿಗೆ ಎಷ್ಟು ಸಲ ಹೋಗಿದ್ದೇನೋ, ಆ ಚೌಕಟ್ಟನ್ನು ಎಷ್ಟು ಸಲ ನೋಡಿದ್ದೇನೋ.

ಹೋದ ಮಳೆಗಾಲದಲ್ಲಿ ಮೇಡಂಗೆ ಲಕ್ವ ಹೊಡೆದಿದೆ ಎಂದು ತಿಳಿದು ಭಂಡಿಗಡಿಗೆ ಹೋದೆ. ನಡುಮನೆಯ ಮಂಚದ ಮೇಲೆ ಮಲಗಿದ್ದರು. ಬಲಭಾಗವೇ ಬಿದ್ದುಹೋಗಿತ್ತು. ಆ ಬೆರಳುಗಳು ಮೊದಲ ಬಾರಿಗೆ ಸುಮ್ಮನಿದ್ದವು. ತಮ್ಮನ ಹೆಂಡತಿ, "ಮಾತು ತೊದಲ್ತದೆ. ಕಿವಿ ಹತ್ರ ಇಟ್ರೆ ತಿಳೀತದೆ" ಎಂದು ಹೇಳಿ ಒಳಗೆ ಹೋದರು. ನಾನು ಬಾಗಿದೆ.

"ಆ ನಾಲ್ಕು" ಎಂದರು ಮೇಡಂ. "ಟೈಪ್ ಮಾಡುವಾಗ ನಂಗೆ ನಗು ಬಂದಿತ್ತು ಅಂತ ನೆನಪು. ಪೆದ್ದ, ಹೀಗೆ ಬರ್ದಿದಾನಲ್ಲ, ಅವನೇ ಕಂಡುಕೊಳ್ಳಲಿ ಅಂತ ಕೆಂಪು ಗೆರೆ ಹಾಕ್ದೆ ಕೊಟ್ಟೆ. ಈಗ ಅದೂ ಸಂಶಯ. ಕೇಳಿ ಕೇಳಿ ನಾನೇ ತಪ್ಪಿದೆನೋ ಏನೋ ಅನ್ನಿಸ್ತದೆ."

"ಬಿಡಿ ಮೇಡಂ, ಹಳೇ ಮಾತು."

ಸೊಟ್ಟ ಬಾಯಲ್ಲೇ ಗದರಿದರು. "ಬಿಡ್ಲಿಕ್ಕೆ ನೀನು ಯಾರು? ನಿನ್ನ ಹತ್ರ ಯಂತ್ರ ಇದ್ಯಲ್ಲ. ಅವನು ಬರೆದದ್ದನ್ನೇ ಹಾಕಿ ನೋಡು. ಅಂದುಕೊಂಡದ್ದನ್ನಲ್ಲ. ಬಂದು ಹೇಳು."

ಬರುವ ದಾರಿಯಲ್ಲಿ ಅಂಗಡಿಯಲ್ಲಿ ಇಳಿದು ಚೌಕಟ್ಟಿನ ಫೋಟೋ ತೆಗೆದುಕೊಂಡೆ. "ಮೇಡಂ ಇನ್ನೂ ಅದ್ರ ಹಿಂದೇನೇ ಬಿದ್ದಿದಾರಾ?" ಎಂದು ಅವನು ನಕ್ಕ. ಆ ಸಂಜೆಯೇ ಗಾಳಿಗೆ ಕಂಬಗಳು ಉರುಳಿ ಕರೆಂಟು ಹೋಯಿತು. ಕಾಲೇಜಿನ ಬ್ಯಾಟರಿಗಳೂ ಸತ್ತವು. ಬರಲಿ, ಬಂದ ಕೂಡಲೇ ಹಾಕಿ ನೋಡೋಣ ಎಂದು ಕಾದೆ. ಒಂದು ದಿನವಲ್ಲ, ವಾರ ಹತ್ತಿರ ಹತ್ತಿರ. ನಡುವೆ ಫೋನು ತೆಗೆದು ಫೋಟೋ ನೋಡಿದ್ದೂ ಹೌದು. ಕಣ್ಣು ಹೋದದ್ದು ಎಲ್ಲರ ಹಾಗೆ ಕೆಂಪು ಗೆರೆಗೇ.

ಕರೆಂಟು ಬಂದ ಬೆಳಿಗ್ಗೆ ಲ್ಯಾಬಿನಲ್ಲಿ ಕೂತು ಒಂದೊಂದೇ ಸಾಲು ಟೈಪ್ ಮಾಡತೊಡಗಿದೆ. ಎರಡನೆಯ ಸಾಲಿನಲ್ಲಿ ಕೈ ನಿಂತಿತು. ಎರಡರಿಂದ ಭಾಗಿಸಲು ಶುರು ಮಾಡು ಎಂದಿರಬೇಕಾದಲ್ಲಿ ಅವನು ಮೂರರಿಂದ ಎಂದು ಬರೆದಿದ್ದ. ನಾಲ್ಕನ್ನು ಎರಡರಿಂದ ಭಾಗಿಸಿ ನೋಡೆಂದು ಅವನು ಹೇಳಿಯೇ ಇರಲಿಲ್ಲ, ಮೇಡಂ ನೋಡಲಿಲ್ಲ. ಆರು ಮೂರರಲ್ಲಿ ಸಿಕ್ಕಿಬಿತ್ತು, ಎಂಟು ನಾಲ್ಕರಲ್ಲಿ. ತಪ್ಪಿಸಿಕೊಂಡದ್ದು ನಾಲ್ಕೊಂದೇ. ಆದರೂ ಓಡಿಸಿದೆ. ಕಣ್ಣು ಮಿಟುಕಿಸುವಷ್ಟರಲ್ಲಿ ಬಂತು: ಎರಡು, ಮೂರು, ನಾಲ್ಕು, ಐದು, ಏಳು. ಕೊನೆಯವರೆಗೂ ಮೇಡಂ ಕೊಟ್ಟದ್ದೇ.

ಅಚ್ಚು ತೆಗೆದುಕೊಂಡು ಬಸ್ ಹತ್ತಿದೆ. ಮೊದಲು ಬಾಳಗಡಿಯಲ್ಲಿ ಇಳಿದು ಅವನಿಗೆ ತೋರಿಸಿದೆ. ಅವನು ಕನ್ನಡಕ ಏರಿಸಿ ಗಾಜಿನ ಮೇಲೆ ಬೆರಳಿಟ್ಟು ಓದಿದ. "ಅಯ್ಯೋ, ಹೌದಲ್ವೇ. ನಂದೇ ತಪ್ಪು" ಎಂದು ಗಹಗಹಿಸಿದ. ಇಳಿಸು ಅದನ್ನ ಎಂದೆ. "ಇರ್ಲಿ ಬಿಡೇ, ಗಿರಾಕಿಗಳಿಗೆ ನಗಾಡ್ಲಿಕ್ಕೆ ಬೇಕು" ಎಂದ. ಕೆನ್ನೆಗೆ ಬಾರಿಸಬೇಕೆನ್ನಿಸಿತು. ಭಂಡಿಗಡಿಯಲ್ಲಿ ಮೊದಲು ಹೇಳಿ ಬರೋಣವೆಂದು ಹೊರಟೆ.

ನಡುಮನೆಯ ಮಂಚ ಎತ್ತಿ ಗೋಡೆಗೆ ಒರಗಿಸಿದ್ದರು. ಮೇಡಂನ ತಮ್ಮ ತಲೆ ಬೋಳಿಸಿಕೊಂಡು ಜಗಲಿಯಲ್ಲಿ ಕೂತಿದ್ದರು.

"ಮೊನ್ನೆ ಬೆಳಿಗ್ಗೆ ಹೋದ್ಲು ಅಕ್ಕ. ತಿಳ್ಸೋಣ ಅಂದ್ರೆ ಯಾರ ಫೋನಲ್ಲೂ ಚಾರ್ಜ್ ಇರ್ಲಿಲ್ಲ."

ಹಾಳೆ ನನ್ನ ಕೈಯಲ್ಲೇ ಇತ್ತು. ಏನಾದರೂ ಹೇಳಿದರಾ ಎಂದು ಕೇಳಿದೆ.

"ಎಂತ ಹೇಳ್ತಾಳೆ, ಎಂತ ಇಲ್ಲ. ಕಡೇ ನಾಲ್ಕು ದಿನ ಬಂದವರನ್ನೆಲ್ಲ ಒಂದೇ ಕೇಳ್ತಿದ್ಲು, ಕರೆಂಟ್ ಬಂತಾ, ಕರೆಂಟ್ ಬಂತಾ ಅಂತ. ಕೇರಿ ಹುಡುಗ್ರು ಬಾಗಿಲಲ್ಲಿ ನಿಂತು ನಗಾಡಿದ್ರು."

ಅವರು ಕಾದದ್ದು ನನಗೆ. ಓದಿದ್ದರೆ ಸಾಕಿತ್ತು, ಎರಡನೆಯ ಸಾಲನ್ನು, ಒಮ್ಮೆ, ಆ ಚೌಕಟ್ಟಿನ ಎದುರು ನಿಂತು, ಹಗಲ ಬೆಳಕಿನಲ್ಲಿ. ಅವರು ನನಗೆ ಕಲಿಸಿದ್ದು ಅದೊಂದನ್ನೇ. ಕಂಪ್ಯೂಟರ್ ಮೇಡಂಗೆ ಕರೆಂಟು ಯಾವತ್ತೂ ಬೇಕಿರಲಿಲ್ಲ, ಬೇಕಿದ್ದದ್ದು ನನಗೆ.